ಕುರಿಗಳ ಮುಖ ಬಲ್ಲವನು

ಕಣ್ಣಾರೆ ಕಾಣದ ಸಂಗತಿಯನ್ನು ಹೇಳಬೇಕಾಗಿ ಬಂದಾಗ ಆತ ಕಣ್ಣು ಮುಚ್ಚಿಕೊಳ್ಳುತ್ತಿದ್ದ. ಕಂಡದ್ದನ್ನು ಹೇಳುವಾಗ ತೆರೆದಿಟ್ಟುಕೊಳ್ಳುತ್ತಿದ್ದ. ಯಾರೂ ಕಲಿಸಿದ್ದಲ್ಲ, ಮೈಗೆ ಹತ್ತಿದ ಅಭ್ಯಾಸ. ಊರಿನವರಿಗೆ ಅದೊಂದು ಮೋಜು. ಚಾವಡಿಯ ಕಟ್ಟೆಯ ಮೇಲೆ ಕೂತವರು ಆತ ಕುರಿ ಹೊಡೆದುಕೊಂಡು ಹೋಗುವಾಗ ಬೇಕೆಂದೇ ಕೆಣಕುವರು.

"ಏ ಕಾಕಾ, ಹೈದರಾಬಾದ್ ಅದ ಏನು?"

ಆತ ನಿಂತು, ಕಣ್ಣು ಮುಚ್ಚಿ, "ಅದ ಅಂತಾರ" ಎನ್ನುವನು.

"ಮತ್ತ ನಿಜಾಮ್ ಸರ್ಕಾರ?"

"ರೊಕ್ಕದ ಮ್ಯಾಲ ನಾಕು ಮಿನಾರ ಕಂಡೀನಿ." ಇಷ್ಟು ಹೇಳುವಾಗ ಕಣ್ಣು ತೆರೆದಿರುತ್ತಿತ್ತು. ಮತ್ತೆ ಮುಚ್ಚಿ, "ದೊರಿನೂ ಅದಾನಂತ."

"ಇದನ್ನ ಪೊಲೀಸ್ ಠಾಣೇಕ ಹೋಗಿ ಅಮೀನ್ ಸಾಹೇಬ್ರ ಮುಂದ ಹೇಳು. ದೊರಿ ಅದಾನೋ ಇಲ್ಲೋ ಬೆನ್ನಿನ ಮ್ಯಾಲ ತೋರಸ್ತಾರ!"

"ಬೆನ್ನಿನ ಮ್ಯಾಲ ಬಾಸುಂಡಿ ಕಾಣ್ತದ. ಆಗನೂ ದೊರಿ ಕಾಣಲ್ಲ ಬಿಡು."

ಕಟ್ಟೆಯೆಲ್ಲ ನಗುತ್ತಿತ್ತು. ಆತ ಮಾತ್ರ ನಗುತ್ತಿರಲಿಲ್ಲ. ಕೇಳಿದ್ದಕ್ಕೆ ಉತ್ತರ ಕೊಟ್ಟಾಯಿತು ಎಂಬಂತೆ ಕುರಿಗಳ ಹಿಂದೆ ಹೋಗಿಬಿಡುತ್ತಿದ್ದ.

ಆತನ ಹೆಸರು ಬರೆಯುವುದಿಲ್ಲ. ಮರ್ಯಾದೆಗಾಗಿ ಎಂದು ಓದುವವರು ತಿಳಿಯಬಾರದು. ಆತನ ಮೊಮ್ಮಕ್ಕಳು ಇನ್ನೂ ಆ ಕಡೆಯಲ್ಲೇ ಇದ್ದಾರೆ, ಓದು ಬಲ್ಲವರು. ಅವರಿಗೆ ಇದು ಸಿಕ್ಕರೆ ಏನಾದೀತೆಂಬ ಹೆದರಿಕೆ ಈ ವಯಸ್ಸಿನಲ್ಲೂ ನನಗಿದೆ. ಬರೆಯದೆ ಇರಲಿಕ್ಕೂ ಆಗುತ್ತಿಲ್ಲ. ಕೂತರೆ ಕೂತಲ್ಲಿ ನಿಲ್ಲಲಾರೆ, ಎದ್ದರೆ ಎಲ್ಲಿಗೆ ಹೊರಟೆ ಎಂದು ತಿಳಿಯುವುದಿಲ್ಲ. ಹಾಗಾಗಿ ತುಂಡು ತುಂಡಾಗಿಯಾದರೂ ಬರೆದುಬಿಡುತ್ತೇನೆ.

ಕಲ್ಹೇರಿಗೆ ಎರಡು ಹರದಾರಿ ದೂರದಲ್ಲಿ ನನ್ನ ಸೋದರಮಾವನ ಊರು. ತಂದೆ ತೀರಿದ ಮೇಲೆ ನಾನು ಅಲ್ಲೇ ಬೆಳೆದೆ. ಮಾವ ಊರಿನ ಪೊಲೀಸ್ ಪಾಟೀಲ. ನೂರು ಚಿಲ್ಲರೆ ಕುರಿಗಳಿದ್ದವು. ಅವನ್ನು ಪಾಲಿಗೆ ಕಾಯುತ್ತಿದ್ದವನು ಆತ. ಜಾತಿಯಿಂದ ಕುರುಬ, ಆಗಲೇ ಐವತ್ತು ದಾಟಿದ ಮನುಷ್ಯ. ನಾನು ಬೀದರಿನಲ್ಲಿ ಉರ್ದುವಿನಲ್ಲಿ ಮೆಟ್ರಿಕ್ ಓದುತ್ತಿದ್ದೆ. ರಜೆಗೆ ಬಂದಾಗಲೆಲ್ಲ ಆತನ ಹಿಂದೆ ಅಡವಿಗೆ ಹೋಗುವುದು, ಶಾಲೆಯಲ್ಲಿ ಕಲಿತದ್ದನ್ನು ಆತನ ಮೇಲೆ ಎಸೆದು ನೋಡುವುದು ನನಗೊಂದು ಚಟವಾಗಿತ್ತು. ಆತ ನನ್ನನ್ನು 'ಸಾಲಿ ತಮ್ಮಾ' ಎಂದು ಕರೆಯುತ್ತಿದ್ದ.

ಭೂಮಿ ತಿರುಗುತ್ತದೆ ಎಂದು ಒಂದು ಸಲ ಹೇಳಿದೆ. ನಗುತ್ತಾನೆ, ಜಗಳಕ್ಕೆ ಬರುತ್ತಾನೆ ಎಂದುಕೊಂಡಿದ್ದೆ. ಆತ ಕಂಬಳಿ ಹಾಸಿ ನೆಲಕ್ಕೆ ಕಿವಿಯಿಟ್ಟು ಮಲಗಿದ. ಬಹಳ ಹೊತ್ತು ಮಲಗಿದ್ದ. ಎದ್ದು ಮೈ ಕೊಡವಿಕೊಂಡು, "ನನಗ ಗೊತ್ತಾಗಲಿಲ್ಲ ತಮ್ಮಾ. ಹಂಗಂತ ತಿರುಗಲ್ಲ ಅನ್ನಾಕ ಬರಲ್ಲ. ನಿನಗ ಹ್ಯಾಂಗ ಗೊತ್ತಾತು?" ಎಂದ.

"ಪುಸ್ತಕದಾಗ ಅದ."

"ಬರದಾಂವ ನೋಡ್ಯಾನೇನು?"

"ಲೆಕ್ಕ ಹಾಕ್ಯಾನ."

"ಆ ಲೆಕ್ಕ ನಿನಗ ಬರ್ತದೇನು?"

ನನಗೆ ಬರುತ್ತಿರಲಿಲ್ಲ. ಹಾಗೆಂದು ಹೇಳಿದೆ. ಆತ ತಲೆದೂಗಿದ. "ಅಂದ್ರ ನಿನಗ ಭೂಮಿ ಗೊತ್ತಿಲ್ಲ. ಆ ಮನುಷ್ಯಾನ ಮ್ಯಾಲ ನಿನಗ ನಂಬಿಗಿ ಅದ. ಅದೂ ಇರ್ಬೇಕು. ಎಲ್ಲಾ ನಾವೇ ನೋಡಾಕ ಆಗ್ತದೇನು? ಆದರ ಎಂಥಾಂವನ ಮಾತು ಹಿಡೀಬೇಕು ಅಂಬೋದು ಮಾತ್ರ ನಾವೇ ನೋಡಿರ್ಬೇಕು."

ಆವತ್ತು ನನಗೆ ಅದು ಅಡವಿಯಲ್ಲಿ ಆಡಿದ ಒಂದು ಮಾತು, ಅಷ್ಟೆ.

ಆತನಿಗೆ ಇಪ್ಪತ್ತರ ಮೇಲೆ ಎಣಿಸಲು ಬರುತ್ತಿರಲಿಲ್ಲ. ಬೇಕೂ ಆಗಿರಲಿಲ್ಲ. ಸಂಜೆ ಹಟ್ಟಿಯ ಬಾಯಲ್ಲಿ ನಿಂತು ಒಳಗೆ ಹೋಗುವ ಕುರಿಗಳ ಮುಖ ನೋಡುತ್ತಿದ್ದ. ಎಲ್ಲ ಹೋದ ಮೇಲೆ, "ಮೂಗಿನ ಮ್ಯಾಲ ಬಿಳಿ ಚುಕ್ಕಿದಾಕಿ ಬಂದಿಲ್ಲ" ಎನ್ನುತ್ತಿದ್ದ. ಪರೀಕ್ಷೆ ಮಾಡಲೆಂದು ನಾನೊಮ್ಮೆ ಒಂದು ಕುರಿಯನ್ನು ದನದ ಕೊಟ್ಟಿಗೆಯಲ್ಲಿ ಬಚ್ಚಿಟ್ಟೆ. ನನಗೆ ಎಲ್ಲವೂ ಒಂದೇ ಥರ ಕಾಣುತ್ತಿದ್ದವು. ಕೈಗೆ ಸಿಕ್ಕದ್ದನ್ನು ಎಳೆದುಕೊಂಡು ಹೋಗಿದ್ದೆ. ಆತ ಹಟ್ಟಿಯ ಬಾಗಿಲು ಹಾಕದೆ ನನ್ನ ಕಡೆ ತಿರುಗಿ, "ಸಾಲಿ ತಮ್ಮಾ, ನಮ್ಮ ಕೆಮ್ಮಾಕಿನ ಎಲ್ಲಿ ಇಟ್ಟೀದಿ? ಅಕೀಗ ಥಂಡಿ ಆಗಿ ಬರಲ್ಲ, ಹೊಡಕೊಂಡು ಬಾ" ಎಂದ. ನಾನು ಬಚ್ಚಿಟ್ಟದ್ದು ಕೆಮ್ಮುವ ಕುರಿ ಎಂಬುದು ಕೊಟ್ಟಿಗೆಗೆ ಹೋದ ಮೇಲೆ ನನಗೆ ತಿಳಿಯಿತು.

ಇನ್ನೊಂದು ಸಂಗತಿಯನ್ನು ಹೇಳದೆ ಮುಂದೆ ಹೋಗಲಾರೆ. ಮರಿ ಸತ್ತ ತಾಯಿಕುರಿಗೆ ತಾಯಿ ಸತ್ತ ಮರಿಯನ್ನು ಹಚ್ಚುವ ಒಂದು ಕ್ರಮ ಕುರುಬರಲ್ಲಿದೆ. ಸತ್ತ ಮರಿಯ ಚರ್ಮ ಸುಲಿದು, ತಬ್ಬಲಿ ಮರಿಗೆ ಅಂಗಿಯಂತೆ ಕಟ್ಟುತ್ತಾರೆ. ತಾಯಿ ಮೂಸಿ ನೋಡುತ್ತದೆ. ತನ್ನದೇ ಮರಿಯ ವಾಸನೆ. ನಿಂತು ಹಾಲು ಕೊಡುತ್ತದೆ. ಮೂರು ದಿನ ಬಿಟ್ಟು ಚರ್ಮ ತೆಗೆದರೂ ಆಮೇಲೆ ಒದೆಯುವುದಿಲ್ಲ. ಆತ ಹೀಗೆ ಮಾಡುವುದನ್ನು ಮೊದಲ ಸಲ ನೋಡಿದಾಗ ನನಗೆ ನಗು ತಡೆಯಲಾಗಲಿಲ್ಲ.

"ಹಡೆದ ತಾಯೀಗೇ ಮೋಸ ಮಾಡ್ದಿ ಕಾಕಾ. ಇದು ಸುಳ್ಳಲ್ಲೇನು?"

ಆತ ಎರಡು ದಿನ ಆ ಮಾತೇ ಎತ್ತಲಿಲ್ಲ. ಮೂರನೆಯ ದಿನ, ನಾನು ಮರೆತೇ ಬಿಟ್ಟಿದ್ದಾಗ, ಹುಣಸೆಮರದ ಕೆಳಗೆ ಬುತ್ತಿ ಬಿಚ್ಚುತ್ತ ಹೇಳಿದ: "ಸುಳ್ಳೇ ತಮ್ಮಾ. ಅಕೀಗ ಮರಿ ಬೇಕು, ಮರೀಗ ಹಾಲು ಬೇಕು, ಎಲ್ಲಾ ಖರೇ. ಆದರ ಸುಳ್ಳೇ. ಅದಕ್ಕೇ ಚರ್ಮ ಕಟ್ಟೋ ಮೊದಲ ಅಕೀ ಕಾಲು ಮುಟ್ತೀನಿ. ನೀ ನೋಡಿಲ್ಲ." ಮುಂದಿನ ಸಲ ನಾನು ಗಮನವಿಟ್ಟು ನೋಡಿದೆ. ನಿಜ. ಬಾಗಿ ಕುರಿಯ ಮುಂಗಾಲು ಮುಟ್ಟಿ, ಕೈಯನ್ನು ಹಣೆಗೆ ಹಚ್ಚಿಕೊಂಡ.

ನಾನು ಮೆಟ್ರಿಕ್ ಮುಗಿಸಿ ಬಂದ ವರ್ಷ ತಾಂಡೂರಿನಲ್ಲಿ ಒಂದು ಮಾಸ್ತರಿಕೆ ಖಾಲಿಯಿತ್ತು. ಮಾವನಿಗೆ ಕಂದಾಯದ ಅಧಿಕಾರಿ ಗಿರ್ದಾವರರ ಪರಿಚಯ. ಅವರು ಮೇಲಿನವರಿಗೆ ಹೇಳಿದರೆ ಕೆಲಸ ಆದಂತೆಯೇ. ಅದಕ್ಕೆ ನಾನು ಒಳ್ಳೆಯ ನಡತೆಯವನು ಎಂದು ಪೊಲೀಸ್ ಪಾಟೀಲರ ರುಜುವಿನ ಒಂದು ಕಾಗದವೂ ಬೇಕಿತ್ತು. ಮಾವ, "ಆಗ್ತದ, ಅವಸರ ಯಾಕ" ಎಂದು ದಿನ ದೂಡುತ್ತಿದ್ದರು. ಅವರ ಮಗಳನ್ನು ನನಗೆ ಕೊಡುವ ಮಾತೂ ಮನೆಯಲ್ಲಿ ನಡೆದಿತ್ತು. ನಾನು ಅವರ ಮುಖ ನೋಡಿಕೊಂಡು ತಿರುಗುತ್ತಿದ್ದ ಕಾಲ ಅದು.

ಆಗ ನಾಗಲಗಿದ್ದದ ಕಡೆಯ ಒಬ್ಬ ಕುರಿಗಾರ ಹೆಂಡತಿಯ ಜೊತೆ ನಮ್ಮ ಊರ ಮೇಲೆ ಬಂದ. ಹೊಲಗಳಿಗೆ ಗೊಬ್ಬರವಾಗಲೆಂದು ಊರೂರು ಕುರಿ ನಿಲ್ಲಿಸುತ್ತ ಹೋಗುವವರು. ಅದೇ ವಾರ ಮಾವನ ಹಿಂಡಿನಲ್ಲಿ ಒಂದು ಕರಿ ಮೋರೆಯ ಕುರಿ ಕಾಣೆಯಾಯಿತು. ಹದಿನೈದು ದಿನದ ಮರಿ ಹಟ್ಟಿಯಲ್ಲೇ ಉಳಿದಿತ್ತು. ಮಾವನ ಆಳುಗಳು ಹುಡುಕುತ್ತ ಹೋದಾಗ ಆ ಕುರಿಗಾರನ ಹಿಂಡಿನಲ್ಲಿ ಅಂಥದೇ ಒಂದು ಕುರಿ ಸಿಕ್ಕಿತು. ಕರಿ ಮೋರೆ, ಎಡಗಿವಿಗೆ ನಮ್ಮದರ ಹಾಗೇ ಕಚ್ಚು, ಕೆಚ್ಚಲಲ್ಲಿ ಹಾಲು. ಎಳೆದುಕೊಂಡು ಬಂದು ಚಾವಡಿಯ ಹಿಂದೆ ಕಟ್ಟಿದರು.

ಕುರಿಗಾರ ಕೈಮುಗಿದ. "ನಮ್ದೇ ಅದರಿ ಗೌಡ್ರ. ನನ್ನ ಹೆಂಡ್ತಿ ತವರಿನ್ಯಾಗಿಂದ ಬಂದ ತಳಿ. ಅವರೂ ಎಡಗಿವಿಗೇ ಕಚ್ಚು ಹಾಕ್ತಾರ. ಮೊನ್ನಿ ಮರಿ ಹಾಕಿತ್ತು, ಸತ್ತದರಿ. ಮರಿ ಚರ್ಮ ಬೇಲಿ ಮ್ಯಾಲ ಒಣಗಾಕ ಹಾಕೀವಿ, ಬಂದು ನೋಡ್ರಿ ಬೇಕಾದ್ರ."

ಮಾವ ನಮ್ಮ ಕಾಕಾನನ್ನು ಕರೆಸಿದರು. ಆತ ಕುರಿಯ ಎದುರು ಕುಕ್ಕರಗಾಲಲ್ಲಿ ಕೂತು ಮುಖ ನೋಡಿದ. ಒಂದು ಗಳಿಗೆಯೂ ಹಿಡಿಯಲಿಲ್ಲ.

"ನಮ್ದಲ್ಲರಿ."

ಕಣ್ಣು ತೆರೆದೇ ಹೇಳಿದ.

ಮಾವನ ಮುಖ ಕೆಂಪಾಯಿತು. ತಮ್ಮ ಕುರಿ ಕಾಯುವವನೇ ನಾಲ್ಕು ಜನರ ಮುಂದೆ ತಮ್ಮ ಮಾತು ತೆಗೆದುಹಾಕಿದ್ದ. "ಮುದುಕಗ ಕಣ್ಣು ಮಂಜಾಗ್ಯಾವ. ನಾಳಿ ಮುಂಜಾನಿ ಮರಿ ಬಿಡೂಣು. ಮರಿ ಹೇಳ್ತದ" ಎಂದರು. ಅದು ನಮ್ಮ ಕಡೆಯ ಪದ್ಧತಿ. ಕುರಿಯ ಜಗಳ ಬಂದರೆ ಮರಿಯನ್ನು ತಂದು ಬಿಡುವುದು. ಕುರಿ ಮೂಸಿ ಹಾಲು ಕೊಟ್ಟರೆ ತಾಯಿ. ಅದರ ಮೇಲೆ ಮನುಷ್ಯರ ಸಾಕ್ಷಿ ನಡೆಯುತ್ತಿರಲಿಲ್ಲ. ಅಲ್ಲಿಯವರೆಗೆ ಮರಿಯನ್ನು ನೋಡಿಕೊಳ್ಳುವ ಕೆಲಸ ನನಗೆ ಬಂತು. ಓದಿದವನು, ಎರಡೂ ಕಡೆಯವರಿಗೆ ಒಪ್ಪಿಗೆ. ಎದ್ದು ಹೋಗುವಾಗ ಮಾವ ನನ್ನ ಹತ್ತಿರ ಬಂದು ಇಷ್ಟೇ ಹೇಳಿದರು: "ಮರಿ ಆ ಕುರೀ ಕೆಚ್ಚಲಿಗಿ ಹೋಗ್ಬೇಕು ನೋಡು. ನಾಳಿ ಗಿರ್ದಾವರರೂ ಬರವರಿದ್ದಾರ."

ಮಾವ ಆ ಕುರಿ ತಮ್ಮದೇ ಎಂದು ನಂಬಿದ್ದರು. ನಾನೂ ನಂಬಿದ್ದೆ ಎಂದು ಬರೆದರೆ ಎಷ್ಟು ಹಗುರಾಗುತ್ತದೆ! ಆದರೆ ಅದು ಸುಳ್ಳು. ಅದೇ ಮಧ್ಯಾಹ್ನ, ಯಾರೂ ಇಲ್ಲದ ಹೊತ್ತಿನಲ್ಲಿ, ನಾನು ಮರಿಯನ್ನು ಎತ್ತಿಕೊಂಡು ಹೋಗಿ ಕುರಿಯ ಮುಂದೆ ಬಿಟ್ಟು ನೋಡಿದೆ. ಕುರಿ ಒಮ್ಮೆ ಮೂಸಿ, ತಲೆ ತಗ್ಗಿಸಿ ಹಾಯ್ದು, ಮರಿಯನ್ನು ಉರುಳಿಸಿಬಿಟ್ಟಿತು. ಎರಡನೆಯ ಸಲವೂ ಹಾಗೇ ಆಯಿತು. ಅಲ್ಲಿಗೆ ನನಗೆ ಗೊತ್ತಾಯಿತು. ಶಾಲೆಯಲ್ಲಿ ಕಲಿತದ್ದೆಲ್ಲ ಬೇರೆಯವರ ಮಾತು ನಂಬಿ ಕಲಿತದ್ದು. ನಾನೇ ಕೈಯಾರೆ ಪರೀಕ್ಷಿಸಿ, ಕಣ್ಣಾರೆ ನೋಡಿ, ಅನುಮಾನವಿಲ್ಲದೆ ತಿಳಿದುಕೊಂಡ ಸಂಗತಿ ನನ್ನ ಜೀವನದಲ್ಲಿ ಬಹುಶಃ ಅದೊಂದೇ. ಆ ಕುರಿ ನಮ್ಮದಲ್ಲ.

ಕುರಿಗಾರ ದಂಪತಿಗಳು ಕುರಿ ಮೇಯಿಸಲು ಹೋಗಿದ್ದರು. ಅವರು ಇಳಿದುಕೊಂಡಿದ್ದ ಹೊಲದ ಕಳ್ಳಿಬೇಲಿಯ ಮೇಲೆ ಅಂಗೈಯಗಲದ ಎರಡು ಮೂರು ಪಟ್ಟು ಇರಬಹುದಾದ ಒಂದು ಚರ್ಮ ಹರವಿತ್ತು. ನಾನು ಅದನ್ನು ಪಂಚೆಯೊಳಗೆ ಇಟ್ಟುಕೊಂಡು ಬಂದೆ. ನೀರಲ್ಲಿ ನೆನೆಸಿ, ಮರುದಿನ ಬೆಳಗಾಗುವ ಮೊದಲೇ ಹಸಿದ ಮರಿಗೆ ಕಟ್ಟಿದೆ. ಜನ ಸೇರುವ ಹೊತ್ತಿಗೆ ಬಿಚ್ಚಿ, ಅದರಿಂದಲೇ ಮರಿಯ ತಲೆಯಿಂದ ಬಾಲದವರೆಗೆ ತಿಕ್ಕಿ, ಚರ್ಮವನ್ನು ಹಾಳು ಬಾವಿಗೆ ಒಗೆದೆ. ಎಲ್ಲವನ್ನೂ ಕಾಕಾನನ್ನು ನೋಡಿ ಕಲಿತ ಹಾಗೇ ಮಾಡಿದೆ. ಕುರಿಯ ಕಾಲು ಮುಟ್ಟಲಿಲ್ಲ.

ಚಾವಡಿಯ ಮುಂದೆ ಊರೇ ಸೇರಿತ್ತು. ಮರಿ ಬಿಟ್ಟರು. ಹಸಿದದ್ದು ನೇರ ಓಡಿತು. ಕುರಿ ಮೂಸಿತು. ಮತ್ತೆ ಮೂಸಿತು. ಗಂಟಲಲ್ಲಿ ಒಂದು ಸಣ್ಣ ಸದ್ದು ಮಾಡಿ, ಮರಿಯ ಬೆನ್ನು ನೆಕ್ಕತೊಡಗಿತು. ಸತ್ತ ಮರಿ ತಿರುಗಿ ಬಂತೆಂದು ತಿಳಿದ ಆ ತಾಯಿಯ ಸದ್ದು ಈಗಲೂ ನನಗೆ ಕೇಳುತ್ತದೆ. ಜನ 'ಹೋ' ಎಂದರು.

"ಚರ್ಮ! ನಮ್ಮ ಮರಿ ಚರ್ಮ ಬೇಲಿ ಮ್ಯಾಲ ಅದ, ನೋಡ್ರೆಪ್ಪಾ ಬಂದು!" ಎಂದು ಕುರಿಗಾರನ ಹೆಂಡತಿ ಕೂಗಿಕೊಂಡಳು. ಇಬ್ಬರು ಹೋಗಿ ನೋಡಿ ಬಂದರು. ಬೇಲಿಯ ಮೇಲೆ ಏನೂ ಇರಲಿಲ್ಲ. "ಕಳ್ಳೀನೂ ಹೌದು, ಸುಳ್ಳೀನೂ ಹೌದು" ಎಂದು ಯಾರೋ ಅಂದರು. ಅವಳು ಒಬ್ಬೊಬ್ಬರ ಮುಖವನ್ನೂ ನೋಡುತ್ತ ಬಂದಳು. ನನ್ನ ಮುಖವನ್ನೂ ನೋಡಿದಳು.

ಗಂಡನನ್ನು ಚಾವಡಿಯ ಕಂಬಕ್ಕೆ ಕಟ್ಟಿದರು. ಸಂಜೆಯವರೆಗೆ ಕಟ್ಟಿದ್ದರು. ಹೋಗುವವರು ಬರುವವರೆಲ್ಲ ಚಪ್ಪಲಿಯಿಂದ ಒಂದೊಂದು ಹಾಕಿ ಹೋದರು. ನಾನು ಹೊಡೆಯಲಿಲ್ಲ. ಎಷ್ಟೋ ವರ್ಷ ಅದನ್ನೇ ಹಿಡಿದುಕೊಂಡು ಬದುಕಿದೆ, ನಾನು ಹೊಡೆಯಲಿಲ್ಲ ಎಂಬುದನ್ನು.

ಅವನನ್ನು ಕಂಬಕ್ಕೆ ಕಟ್ಟುತ್ತಿದ್ದಾಗಲೇ ಕಾಕಾ ಮರಿಯನ್ನು ಎತ್ತಿ ಮೂಸಿ ನೋಡಿದ. ಕುರಿ ಆಗಲೇ ನೆಕ್ಕಿದ್ದರಿಂದ ಅದರದೇ ವಾಸನೆ ಬಂದಿರಬೇಕು. ಮರಿಯನ್ನು ಇಳಿಸಿ, ನನ್ನನ್ನು ತೋಳು ಹಿಡಿದು ಗೋಡೆಯ ಮರೆಗೆ ಕರೆದೊಯ್ದ.

"ತಮ್ಮಾ, ಮರಿ ನಿನ್ನ ಹತ್ರ ಇತ್ತು. ಏನರ ಮಾಡ್ದ್ಯಾ?"

"ಇಲ್ಲ ಕಾಕಾ."

"ನನ್ನ ಮಾರಿ ನೋಡಿ ಹೇಳು."

ನೋಡಿದೆ. "ಇಲ್ಲ" ಎಂದೆ.

ಆತ ತೋಳು ಬಿಡಲಿಲ್ಲ. ತನಗೆ ತಾನೇ ಹೇಳಿಕೊಳ್ಳುವಂತೆ ಮೆಲ್ಲಗೆ ಹೇಳಿದ: "ಹಂಗಾದ್ರ ನನ್ನ ಕಣ್ಣು ಸುಳ್ಳು. ನಿನ್ನ ಮಾತು ಸುಳ್ಳು, ಇಲ್ಲಾ ನನ್ನ ಕಣ್ಣು ಸುಳ್ಳು. ನೀ ಸಣ್ಣಾಂವ ಇದ್ದಾಗಿಂದ ನಿನ್ನ ನೋಡೀನಿ." ಕೊನೆಗೆ, "ಕಣ್ಣೇ ಇರ್ಬೇಕು" ಎಂದು ನನ್ನ ತೋಳು ಬಿಟ್ಟ.

ಅಲ್ಲಿಂದ ಆತ ಒಳಗೊಳಗೇ ಕುಸಿದ. ಒಂದೇ ದಿನದಲ್ಲಿ ಅಲ್ಲ. ಹಟ್ಟಿಯ ಬಾಯಲ್ಲಿ ನಿಂತು ಕುರಿಗಳ ಮುಖ ನೋಡುವವನು ಮತ್ತೆ ಒಳಹೊಕ್ಕು ನೋಡುವನು, ಮತ್ತೆ ಹೊರಬಂದು ಮಗನನ್ನು ಕರೆದು ಎಣಿಸಲು ಹೇಳುವನು. "ಎಲ್ಲಾ ಬಂದಾವಪ್ಪಾ" ಎಂದು ಮಗ ಹೇಳಿದರೂ ನಂಬಿಕೆಯಿಲ್ಲ. ಕೆಮ್ಮುವ ಕುರಿಯ ಮುಂದೆ ಕೂತು, "ಇದು ಅಕಿನೇ ಹೌದಲ್ಲೋ?" ಎಂದು ದಾರಿಯಲ್ಲಿ ಹೋಗುವವರನ್ನು ಕೇಳುವನು. ಒಂದು ದಿನ ಚಾವಡಿಯ ಮುಂದೆ ನಾನೇ ಕಂಡೆ. ಎದುರಿಗೇ ಮಳೆ ಸುರಿಯುತ್ತಿತ್ತು. ಯಾರೋ ಚೇಷ್ಟೆಗೆ, "ಕಾಕಾ, ಮಳಿ ಬಂದದ ಏನು?" ಎಂದರು. ತೊಯ್ದು ನಿಂತ ಮನುಷ್ಯ ಕಣ್ಣು ಮುಚ್ಚಿಕೊಂಡು, "ಬಂದದ ಅಂತಾರ" ಎಂದ. ಜನ ಬಿದ್ದು ಬಿದ್ದು ನಕ್ಕರು. ನಾನು ಮನೆಯೊಳಗೆ ಹೋಗಿ ಬಾಗಿಲು ಹಾಕಿಕೊಂಡೆ.

ಕಾಗದ ಸಿಕ್ಕಿತು. ಕೆಲಸವೂ ಸಿಕ್ಕಿತು. ಮಾವನ ಮಗಳೊಡನೆ ಮದುವೆಯಾಯಿತು. ತಾಂಡೂರಿನಲ್ಲಿ ಬಿಳಿ ಧೂಳಿನ ನಡುವೆ ಕಲ್ಲುಗಣಿಯವರ ಮಕ್ಕಳಿಗೆ ಭೂಗೋಳ ಕಲಿಸುತ್ತಿದ್ದೆ. ಭೂಮಿ ತಿರುಗುತ್ತದೆ ಎನ್ನುವ ಪಾಠ ಬಂದಾಗ ಅದನ್ನು ಹುಡುಗರಿಗೇ ಓದಿಕೊಳ್ಳಲು ಹೇಳಿ ಹೊರಗೆ ಹೋಗಿಬಿಡುತ್ತಿದ್ದೆ.

ನಾಲ್ಕು ವರ್ಷವಾದ ಮೇಲೆ ಒಂದು ರಜೆಯಲ್ಲಿ ತಡೆಯಲಾರದೆ ಆತನ ಮನೆಗೆ ಹೋದೆ. ಕುರಿ ಮಗನ ಕೈಗೆ ಹೋಗಿದ್ದವು. ಆತ ಬಾಗಿಲ ಮುಂದೆ ಕೂತು ಕಂಬಳಿಗೆ ಉಣ್ಣೆ ನೂಲುತ್ತಿದ್ದ. ನೂಲನ್ನು ನೋಡುತ್ತಿರಲಿಲ್ಲ, ಬೆರಳಲ್ಲೇ ತಡವಿ ತಿಳಿಯುತ್ತಿದ್ದ. "ಮಾಸ್ತರ ಬಂದ್ರಿ? ಬರ್ರಿ" ಎಂದ. ಅದುವರೆಗೆ ನನಗೆ ಎಂದೂ ಬಹುವಚನ ಹಚ್ಚಿರಲಿಲ್ಲ.

ನಿಂತೇ ಹೇಳಿದೆ. ಕೂತರೆ ಹೇಳಲಾರೆ ಎನ್ನಿಸಿತು. ಕುರಿ ಮರಿಯನ್ನು ಹಾಯ್ದದ್ದು, ಬೇಲಿಯ ಚರ್ಮ, ಬಾವಿ, ಎಲ್ಲವನ್ನೂ ಹೇಳಿದೆ. "ನಿನ್ನ ಕಣ್ಣು ಖರೇ ಇತ್ತು ಕಾಕಾ. ನಾ ಸುಳ್ಳು ಹೇಳ್ದೆ."

ಆತನ ಬೆರಳು ನಿಂತವು. ಸಿಟ್ಟಾಗುತ್ತಾನೆ, ಹೊಡೆಯುತ್ತಾನೆ ಎಂದು ಕಾದೆ. ಹೊಡೆದಿದ್ದರೆ ಚೆನ್ನಾಗಿತ್ತು.

"ಚರ್ಮ ಒಗದದ್ದು ಯಾರರ ಕಂಡಾರೇನು?"

"ಯಾರೂ ಕಂಡಿಲ್ಲ."

"ಹೆಂಡ್ತೀಗಿ ಹೇಳ್ದ್ಯಾ?"

"ಇಲ್ಲ."

"ಅವತ್ತೂ ನೀ ನನ್ನ ಮಾರಿ ನೋಡೇ ಹೇಳ್ದಿ. ಇವತ್ತೂ ಮಾರಿ ನೋಡೇ ಹೇಳ್ತಿ. ನಾ ಯಾವುದು ಹಿಡೀಲಿ ತಮ್ಮಾ?" ಮತ್ತೆ 'ನೀ' ಎಂದಿದ್ದ. "ಕಣ್ಣು ಹೋದ ಮುದುಕ, ಸಾಯೋ ಮೊದಲ ಸಮಾಧಾನ ಆಗ್ಲಿ ಅಂತ ಕನಿಕರಕ್ಕ ಹೇಳಾಕ ಬಂದಿಯೋ ಏನೋ. ನಿನ್ನ ಕರುಳು ಮೆತ್ತಂದು."

"ಕಾಕಾ, ದೇವ್ರಾಣಿ..."

"ಆಣಿ ಬ್ಯಾಡ. ಅಲ್ಲಿ ಹೋಗು. ಕಂಬಕ್ಕ ಕಟ್ಟಿದ್ರಲ್ಲ, ಅಂವನ ಊರಿಗಿ ಹೋಗು. ಅಂವಗೂ ಅಕೀಗೂ, ಮಂದಿ ಕೂಡಿದಲ್ಲಿ ನಿಂತು ಹೇಳು. ಅಲ್ಲಿ ಹೇಳೋದಕ್ಕ ನಿನಗ ಖರ್ಚು ಅದ. ಇಲ್ಲಿ ನನ್ನ ಮುಂದ ಹೇಳಾಕ ಏನೂ ಖರ್ಚಿಲ್ಲ. ಅಲ್ಲಿ ಹೇಳಿದಿ ಅಂತ ಸುದ್ದಿ ಬಂದ್ರ, ಆಗ ನನ್ನ ಕಣ್ಣು ನನಗ ತಿರುಗಿ ಬಂದಂಗ."

ಹೋಗುತ್ತೇನೆ ಎಂದೆ.

ನಾಗಲಗಿದ್ದ ದೂರವೇನಲ್ಲ. ನಡೆದರೂ ಒಂದು ದಿನ ಹಿಡಿಯುವುದಿಲ್ಲ. ಆ ರಜೆಯಲ್ಲಿ ಹೆಂಡತಿಗೆ ಹೆರಿಗೆಯ ದಿನವಿತ್ತು. ಮುಂದಿನ ರಜೆಯಲ್ಲಿ ಮಾವನ ಆರೋಗ್ಯ ಕೆಟ್ಟಿತ್ತು. ಆಮೇಲೆ ಗಲಾಟೆಯ ದಿನಗಳು ಬಂದವು, ಹಾದಿಯಲ್ಲಿ ಓಡಾಡಲು ಜನ ಹೆದರುತ್ತಿದ್ದರು. ಕಾರಣಗಳೆಲ್ಲ ನಿಜ. ಒಂದೂ ಸುಳ್ಳಲ್ಲ. ಮಾವ ಬದುಕಿರುವಾಗ ಅವರ ಮಾನ ಕಳೆಯಲಾರೆ, ಕೆಲಸ ಕಳೆದುಕೊಳ್ಳಲಾರೆ ಎಂಬುದು ಅವುಗಳ ಕೆಳಗೆ ಮಲಗಿತ್ತು. ನಾನು ಹೋಗಲಿಲ್ಲ.

ನಿಜಾಮರ ರಾಜ್ಯ ಮುಗಿಯುವ ಹಿಂದಿನ ಚಳಿಗಾಲ ಆತ ತೀರಿಕೊಂಡ. ನನಗೆ ತಡವಾಗಿ ತಿಳಿಯಿತು. ಹೋದಾಗ ಆತನ ಸೊಸೆ ನೀರು ಕೊಟ್ಟು, ಹೊಸ್ತಿಲ ಹತ್ತಿರ ಕೂತಳು. ಆಕೆಗೆ ಏನೂ ಗೊತ್ತಿರಲಿಲ್ಲ. ತನ್ನ ಮಾವನ ಕಡೆಯ ದಿನಗಳ ಸಂಗತಿ ಎಂದು ಸಹಜವಾಗಿ ಹೇಳಿದಳು.

"ನಿಮ್ಮ ಮ್ಯಾಲ ಭಾಳ ಜೀವ ಇಟ್ಟಿದ್ದರಿ ಮಾಸ್ತರ. ನಾಗಲಗಿದ್ದದ ಕಡಿಂದ ಯಾರೇ ಬರಲಿ, ಬಳಿಗಾರ್ತಿ ಬರಲಿ, ಭಿಕ್ಷಕ್ಕ ಜಂಗಮಯ್ಯ ಬರಲಿ, ಕೂಡ್ರಿಸಿ ಕೇಳವ್ರು. 'ತಾಂಡೂರ ಮಾಸ್ತರ ನಿಮ್ಮ ಊರಿಗಿ ಬಂದಿದ್ದನೇನು? ಮಂದಿ ಕೂಡ್ಸಿ ಏನರ ಹೇಳ್ಯಾನೇನು?' ಅಂತ. ಹಾಸಿಗಿ ಹಿಡದ ಮ್ಯಾಲನೂ ಕೇಳಿದ್ರು. ಬಂದವ್ರೆಲ್ಲ 'ಇಲ್ಲ, ಮಾಸ್ತರ ಬಂದಿಲ್ಲ' ಅನ್ನವ್ರು. ಆಗ ಮುದುಕ ನನ್ನ ಕರದು, 'ನೋಡವ್ವಾ, ನನ್ನ ಕಣ್ಣೇ ಸುಳ್ಳು. ಅಂವ ಪಾಪ ಕನಿಕರಕ್ಕ ಹೇಳಿದ್ದ' ಅನ್ನವ್ರು. ಏನ್ ಹೇಳಿದ್ರಿ ನೀವು?"

ನಾನು ಲೋಟ ಕೆಳಗಿಟ್ಟೆ. ಬಳೆಗಾರ್ತಿ, ಜಂಗಮಯ್ಯ, ಆ ದಾರಿಯಲ್ಲಿ ಬಂದ ಪ್ರತಿಯೊಬ್ಬರೂ ಆತನಿಗೆ ನಿಜವನ್ನೇ ಹೇಳಿದ್ದರು. ನಾನು ಹೋಗಿರಲಿಲ್ಲ.